ಆದದ್ದೆಲ್ಲ ಆಗಲೇಬೇಕಿತ್ತೇ? ಹಲಸಂಗಿಯ ಹಾಡುಗಳ ಬಗೆಗೆ ಒಂದು ಪ್ರತ್ಯುತ್ತರ

‘ಗರತಿಯ ಹಾಡು’ ಅಚ್ಚಾದದ್ದು 1931ರಲ್ಲಿ. ಹಳೆಯ ಇಂಡಿ ತಾಲ್ಲೂಕಿನ ಹಲಸಂಗಿಯ ಗೆಳೆಯರು, ಅಂದರೆ ಮಧುರಚೆನ್ನ, ಸಿಂಪಿ ಲಿಂಗಣ್ಣ, ಪಿ. ಧೂಲಾಸಾಹೇಬ, ಕಾಪಸೆ ರೇವಪ್ಪ, ಹೆಣ್ಣುಮಕ್ಕಳ ಬಾಯಲ್ಲಿದ್ದ ತ್ರಿಪದಿಗಳನ್ನು ಕೇಳಿ ಬರೆದುಕೊಂಡು ಕಟ್ಟಿದ ಪುಸ್ತಕ ಅದು. ಅದರ ಬೆನ್ನಿಗೇ 1933ರಲ್ಲಿ ‘ಜೀವನ ಸಂಗೀತ’, 1935ರಲ್ಲಿ ‘ಮಲ್ಲಿಗೆ ದಂಡೆ’ ಬಂದವು. ಈ ಕೆಲಸದ ಮಾತು ಬಂದಲ್ಲೆಲ್ಲ ಮೂರು ವಾದಗಳು ಎದುರಾಗುತ್ತವೆ. ಆ ಪುಸ್ತಕ ಹೇಗಿದ್ದರೂ ಬರುತ್ತಿತ್ತು, ಕಾಲವೇ ಅದನ್ನು ಮಾಡಿಸಿತು ಎಂಬುದು ಒಂದು. ಹಾಡಿದ ಹೆಂಗಸರಿಗೆ ನಿಜವಾದ ಕವಿತ್ವ ಇದ್ದಿದ್ದರೆ ಅವರೇ ಕವಿಗಳಾಗಿ ಹೆಸರು ಮಾಡುತ್ತಿದ್ದರು ಎಂಬುದು ಎರಡನೆಯದು. ಬೀಸುಕಲ್ಲಿನ ಜತೆಗೆ ಹಾಡೂ ಹೋಯಿತು, ಇನ್ನು ಅಂಥದ್ದು ಸಾಧ್ಯವಿಲ್ಲ ಎಂಬುದು ಮೂರನೆಯದು.

ಮೂರೂ ತಪ್ಪು. ಮೂರರ ಬೇರೂ ಒಂದೇ. ಆದದ್ದನ್ನು ಆಗಲೇಬೇಕಾದದ್ದೆಂದೂ ಆಗದೆ ಉಳಿದದ್ದನ್ನು ಆಗಲಾರದ್ದೆಂದೂ ಇವು ಎಣಿಸುತ್ತವೆ. ಅನಿವಾರ್ಯ ಯಾವುದು, ಸಾಧ್ಯ ಯಾವುದು ಎಂಬ ಈ ತೊಡಕನ್ನು ಸುಮಾರು ಇಪ್ಪತ್ಮೂರು ಶತಮಾನಗಳ ಹಿಂದೆ ಗ್ರೀಕ್ ತಾರ್ಕಿಕರು ಹಟ ಹಿಡಿದು ಬಿಡಿಸಿದರು. ಇಂಡಿ-ಚಡಚಣದ ಮಾತಿಗೆ ಅಥೆನ್ಸ್ ಯಾಕೆ ಎಂದು ಕೇಳುವವರು ಲಾವಣಿಯ ಫಡವನ್ನೊಮ್ಮೆ ನೆನೆಯಲಿ. ಅಲ್ಲಿನ ಎರಡು ಪಕ್ಷಗಳಲ್ಲಿ ಹರದೇಶಿಯವರು ಪುರುಷ ಹೆಚ್ಚೆಂದರೆ ನಾಗೇಶಿಯವರು ಪ್ರಕೃತಿ ಹೆಚ್ಚೆನ್ನುತ್ತಾರೆ. ದಪ್ಪು, ತುಂತುಣಿ ವಾದ್ಯಗಳ ನಡುವೆ ಸವಾಲಿಗೆ ಜವಾಬು ಕೊಡುತ್ತ ಬೆಳಗು ಹರಿಯುತ್ತದೆ. ಲಾವಣಿಕಾರ ಖಾಜಾಭಾಯಿಯ ಊರು ಹಲಸಂಗಿ. ಎದುರಾಳಿಯ ಮಾತಿನ ಎಳೆ ಹಿಡಿದು ಅದನ್ನೇ ಅವನಿಗೆ ತಿರುಗಿಸುವ ಕಲೆಯನ್ನು ಈ ಸೀಮೆಗೆ ಯಾರೂ ಹೊರಗಿನಿಂದ ತಂದುಕೊಡಬೇಕಾಗಿಲ್ಲ.

ಮೊದಲ ವಾದಕ್ಕೆ ಬರೋಣ. 1931 ಕಳೆದುಹೋಗಿದೆ, ಪುಸ್ತಕ ಬಂದದ್ದನ್ನು ಇನ್ನು ಯಾರೂ ಬಾರದಂತೆ ಮಾಡಲಾರರು. ಇಷ್ಟು ನಿಜ. ಆದರೆ ಇದರಿಂದ 1930ರಲ್ಲೂ ಅದು ಬಂದೇ ತೀರಬೇಕಿತ್ತು ಎಂದು ಹೇಗೆ ಹೊರಡುತ್ತದೆ? ಅರಿಸ್ಟಾಟಲ್ ಇದನ್ನು ಸ್ಪಷ್ಟವಾಗಿ ಬೇರ್ಪಡಿಸಿದ. ಇರುವಂಥದ್ದು ಇರುವಾಗ ಇದ್ದೇ ತೀರಬೇಕು. ಅಷ್ಟರಿಂದ ಅದು ಯಾವಾಗಲೂ ಇರಲೇಬೇಕಾದದ್ದು ಎಂದಾಗುವುದಿಲ್ಲ. ಅವನ ಉದಾಹರಣೆ ಕಡಲ ಕಾಳಗದ್ದು. ನಾಳೆ ಕಾಳಗ ಆಗುತ್ತದೆ ಅಥವಾ ಆಗುವುದಿಲ್ಲ, ಈ ಎರಡರಲ್ಲಿ ಒಂದು ಖಂಡಿತ. ಹಾಗೆಂದು ಆಗುವುದೂ ಖಂಡಿತವಲ್ಲ, ಆಗದಿರುವುದೂ ಖಂಡಿತವಲ್ಲ.

ಇಲ್ಲಿ ವಾದಿಗಳು ಇನ್ನೊಂದು ದಾರಿ ಹಿಡಿಯುತ್ತಾರೆ. ಆಗಿನ ಕನ್ನಡದ ಎಚ್ಚರ ತಾನು ಮುಟ್ಟಿದವರನ್ನು ಇಂಥ ಕೆಲಸಕ್ಕೆ ಹಚ್ಚಲೇಬೇಕಿತ್ತು, ಈ ಗೆಳೆಯರನ್ನು ಅದು ಮುಟ್ಟಿತ್ತು, ಆದ್ದರಿಂದ ಇವರು ಈ ಕೆಲಸ ಮಾಡಲೇಬೇಕಿತ್ತು ಎನ್ನುತ್ತಾರೆ. ಇದು ಬಲವಾದ ಪಟ್ಟು, ಒಪ್ಪುತ್ತೇನೆ. ಮೊದಲ ಹೇಳಿಕೆ ಅನಿವಾರ್ಯತೆಯದಾಗಿ ಎರಡನೆಯದು ಬರೀ ಸಂಗತಿಯಾಗಿದ್ದರೂ ನಿರ್ಣಯ ಅನಿವಾರ್ಯವೇ ಎಂದು ಅರಿಸ್ಟಾಟಲನೇ ಹೇಳಿದ್ದುಂಟು. ಆದರೆ ಅವನ ಶಿಷ್ಯ, ಅವನ ಪೀಠಕ್ಕೇ ಬಂದ ಥಿಯೊಫ್ರಾಸ್ಟಸ್, ಜತೆಗೆ ಇನ್ನೊಬ್ಬ ಶಿಷ್ಯ ಯೂಡೆಮಸ್, ಗುರುವಿನ ಮಾತನ್ನು ಒಪ್ಪಲಿಲ್ಲ. ಎರಡು ಹೇಳಿಕೆಗಳಲ್ಲಿ ದುರ್ಬಲ ಯಾವುದೋ ನಿರ್ಣಯದ ಬಲವೂ ಅಷ್ಟೇ ಎಂದರು. ಮನುಷ್ಯನಾದವನು ಪ್ರಾಣಿಯಾಗಿರಲೇಬೇಕು. ಈಗ ಅಂಗಳದಲ್ಲಿ ಚಲಿಸುತ್ತಿರುವವರೆಲ್ಲ ಮನುಷ್ಯರು. ಅಂಗಳದಲ್ಲಿ ಚಲಿಸುವುದೆಲ್ಲ ಪ್ರಾಣಿಯಾಗಿರಲೇಬೇಕೇ? ಇನ್ನೊಂದು ಗಳಿಗೆಗೆ ಅಲ್ಲಿ ಬಂಡಿಯೊಂದು ಉರುಳಬಹುದು. ನಾನು ಶಿಷ್ಯರ ಕಡೆಗಿದ್ದೇನೆ. ಆ ಎಚ್ಚರ ಈ ನಾಲ್ವರನ್ನು, ಆ ಊರಲ್ಲಿ, ಆ ಪ್ರಾಯದಲ್ಲಿ ಮುಟ್ಟಿದ್ದು ಒಂದು ಸಂಗತಿ. ಮುಟ್ಟದೆಯೂ ಇರಬಹುದಿತ್ತು. ಮುಂಬಯಿ ಇಲಾಖೆಯ ಅಂಚಿನಲ್ಲಿ, ಮರಾಠಿಯ ಒತ್ತಡದ ನಡುವೆ, ಮುಲ್ಕಿ ಪರೀಕ್ಷೆಯವರೆಗೆ ಓದಿದ ಹುಡುಗ ಮರಾಠಿಯ ದಾರಿ ಹಿಡಿದಿದ್ದರೆ ಆಶ್ಚರ್ಯಪಡುವವರು ಯಾರಿದ್ದರು?

‘ಇವರಲ್ಲದಿದ್ದರೆ ಮತ್ತೊಬ್ಬರು’ ಎಂಬ ಮಾತೂ ಇದರ ಜತೆಗೇ ಬರುತ್ತದೆ. ಹಾಡು ಇದ್ದದ್ದು ಹಾಡುವವಳ ನೆನಪಿನಲ್ಲಿ. ಹತ್ತು ವರ್ಷ ತಡವಾಗಿ ಬಂದವನಿಗೆ ಆ ಮುದುಕಿ ಸಿಗುವುದಿಲ್ಲ. ಅವನ ಪುಸ್ತಕವೂ ಬೇರೆಯೇ ಆಗುತ್ತದೆ.

ಎರಡನೆಯ ವಾದ ನನ್ನನ್ನು ಹೆಚ್ಚು ನೋಯಿಸುತ್ತದೆ, ಅದಕ್ಕೇ ಅದರ ಮುಂದೆ ಹೆಚ್ಚು ಹೊತ್ತು ನಿಲ್ಲುತ್ತೇನೆ. ಹೊರಗೆ ಕಾಣದ ಶಕ್ತಿ ಶಕ್ತಿಯೇ ಅಲ್ಲ ಎಂಬುದು ಮೆಗಾರಾದ ತಾರ್ಕಿಕರ ಹಳೆಯ ಪಕ್ಷ. ಮನೆ ಕಟ್ಟುತ್ತಿರುವಾಗ ಮಾತ್ರ ಗೌಂಡಿಗೆ ಕಟ್ಟುವ ಶಕ್ತಿ ಉಂಟು, ಕೈ ನಿಂತರೆ ಇಲ್ಲ ಎನ್ನುತ್ತಿದ್ದರು. ಅರಿಸ್ಟಾಟಲ್ ಕೇಳಿದ: ಹಾಗಾದರೆ ಕೈ ನಿಲ್ಲಿಸಿದವನು ಮರುಗಳಿಗೆ ಮತ್ತೆ ಕಟ್ಟತೊಡಗಿದಾಗ ಆ ವಿದ್ಯೆ ಎಲ್ಲಿಂದ ಬಂತು? ಕಣ್ಣು ಮುಚ್ಚಿದವನು ದಿನಕ್ಕೆ ಎಷ್ಟು ಸಲ ಕುರುಡನಾಗುತ್ತಾನೆ? ಕೂತವನು ಏಳುವುದಾದರೂ ಹೇಗೆ?

ಈ ಪ್ರಶ್ನೆಯನ್ನು ಬೀಸುಕಲ್ಲಿನ ಬಳಿಗೆ ತನ್ನಿ. ಇನ್ನೂ ಕತ್ತಲು. ಇಬ್ಬರು ಎದುರುಬದುರು ಕೂತು ಒಂದೇ ಗೂಟಕ್ಕೆ ಕೈ ಹಾಕಿದ್ದಾರೆ. ಒಬ್ಬಳು ಇನ್ನೊಂದು ಕೈಯಿಂದ ಕಲ್ಲಿನ ಬಾಯಿಗೆ ಹಿಡಿ ಹಿಡಿ ಜೋಳ ಹಾಕುತ್ತಾಳೆ. ಒಬ್ಬಳು ಸಾಲು ಎತ್ತಿಕೊಂಡರೆ ಇನ್ನೊಬ್ಬಳು ಹಿಡಿದು ಮುಂದುವರಿಸುತ್ತಾಳೆ. ತವರು, ಅಣ್ಣ, ತೊಟ್ಟಿಲ ಕೂಸು, ಶ್ರೀಶೈಲದ ಮಲ್ಲಯ್ಯ ಮೂರು ಮೂರು ಸಾಲಿನಲ್ಲಿ ಬಂದು ಹೋಗುತ್ತಾರೆ. ಜೋಳ ಮುಗಿದು ಕಲ್ಲು ನಿಂತಿತು. ಅವರಲ್ಲೊಬ್ಬಳು ಎದ್ದು ಹಿಟ್ಟು ಬಳಿದು ನೀರಿಗೆ ಹೋದಳು. ಆ ಹೊತ್ತಿಗೆ ಅವಳಲ್ಲಿ ಕವಿತ್ವ ಸತ್ತಿತೇ? ಮರುದಿನ ನಸುಕಿನಲ್ಲಿ ಯಾರೂ ಕಲಿಸದೆ ಮರಳಿ ಹುಟ್ಟಿತೇ? ಹಾಡದಿರುವಾಗಲೂ ಶಕ್ತಿ ಅವಳಲ್ಲಿದೆ ಎಂದು ಒಪ್ಪಿದ ಮೇಲೆ, ಯಾರೂ ಬರೆದುಕೊಳ್ಳದಿದ್ದಾಗ ಇರಲಿಲ್ಲ ಎನ್ನಲು ಯಾವ ಆಧಾರವೂ ಉಳಿಯುವುದಿಲ್ಲ.

ಈ ಪಕ್ಷವನ್ನು ಅತಿ ಚೂಪಾಗಿ ಮಸೆದವನು ಡಯೊಡೊರಸ್ ಕ್ರೋನಸ್. ಈಗ ನಿಜವಾಗಿರುವುದು ಅಥವಾ ಮುಂದೆ ನಿಜವಾಗುವುದು ಮಾತ್ರ ಸಾಧ್ಯ ಎಂದ. ಕಳೆದದ್ದು ಬದಲಾಗದು, ಸಾಧ್ಯವಾದದ್ದರಿಂದ ಅಸಾಧ್ಯವಾದದ್ದು ಹುಟ್ಟದು, ಇವೆರಡನ್ನು ಒಪ್ಪಿದರೆ ಎಂದೂ ಆಗದ್ದನ್ನು ಸಾಧ್ಯ ಎನ್ನುವಂತಿಲ್ಲ ಎಂದು ಸಾಧಿಸಿದ. ‘ಪ್ರಭು ವಾದ’ ಎಂದೇ ಅದಕ್ಕೆ ಹೆಸರು. ಎಪಿಕ್ಟೀಟಸ್ ಹೇಳುವಂತೆ, ಸ್ಟೋಯಿಕ್ ಪಂಥದ ಕ್ಲಿಯಾಂಥಿಸ್ ಮೊದಲ ಮಾತನ್ನು ಬಿಟ್ಟುಕೊಟ್ಟ, ಅದೇ ಪಂಥದ ಕ್ರಿಸಿಪ್ಪಸ್ ಎರಡನೆಯದನ್ನು ಬಿಟ್ಟ. ಆಗದೆಯೂ ಸಾಧ್ಯವಾಗಿರುವುದು ಉಂಟು ಎಂಬುದನ್ನು ಇಬ್ಬರೂ ಬಿಡಲಿಲ್ಲ. ಡಯೊಡೊರಸನ ಶಿಷ್ಯ ಫಿಲೊ ಕೂಡ ಗುರುವಿನ ಎದುರು ನಿಂತ. ಕಡಲ ತಳದಲ್ಲಿ ಬಿದ್ದ ಕಟ್ಟಿಗೆಯನ್ನು ಬೆಂಕಿ ಎಂದೂ ಮುಟ್ಟಲಾರದು. ಆದರೂ ಅದು ಉರಿಯಬಲ್ಲ ಕಟ್ಟಿಗೆ, ಆ ಗುಣ ಅದರ ಸ್ವಭಾವದಲ್ಲಿದೆ ಎಂದ. ಬರೆದುಕೊಳ್ಳುವವರು ಬಾರದ ಊರುಗಳಲ್ಲಿ ಹಾಡಿ ಮಣ್ಣಾದ ಹೆಂಗಸರ ಬಗ್ಗೆ ನನಗೆ ಫಿಲೊನ ಮಾತೇ ನಿಜವೆನಿಸುತ್ತದೆ. ಅಕ್ಷರ ಕಲಿಸದೆ, ಹೆಸರು ಕೇಳದೆ ಇಟ್ಟವರು ನಾವು. ನಮ್ಮ ಕೊರತೆಯನ್ನು ಅವರ ಅಶಕ್ತಿಯ ಲೆಕ್ಕಕ್ಕೆ ಬರೆಯುವುದು ಅನ್ಯಾಯ.

ಮೂರನೆಯ ವಾದ ಸೋಮಾರಿತನದ್ದು. ಗಿರಣಿ ಬಂತು, ಬೀಸುಕಲ್ಲು ಮೂಲೆ ಸೇರಿತು, ಹೋಗೋದು ಹೋಗೇ ಹೋಗ್ತದ, ನಾವೇನ ಮಾಡಾಕ ಬರ್ತದ? ಗ್ರೀಕರು ಇದರ ಅಣ್ಣನನ್ನು ಬಲ್ಲವರಾಗಿದ್ದರು; ಅದಕ್ಕೆ ‘ಸೋಮಾರಿ ವಾದ’ ಎಂದೇ ಹೆಸರಿಟ್ಟಿದ್ದರು. ಗುಣವಾಗುವುದು ಹಣೆಯಲ್ಲಿದ್ದರೆ ವೈದ್ಯನನ್ನು ಕರೆದರೂ ಕರೆಯದಿದ್ದರೂ ಗುಣವಾಗುತ್ತದೆ, ಇಲ್ಲದಿದ್ದರೆ ಕರೆದರೂ ಇಲ್ಲ, ಹಾಗಾಗಿ ಕರೆಯುವುದು ವ್ಯರ್ಥ. ಇದಕ್ಕೆ ಉತ್ತರ ಕೊಟ್ಟ ಕ್ರಿಸಿಪ್ಪಸ್ ವಿಧಿಯನ್ನು ನಂಬಿದವನೇ ಆಗಿದ್ದ ಎಂಬುದನ್ನು ಗಮನಿಸಬೇಕು. ಮಿಲೊ ಒಲಿಂಪಿಯಾದಲ್ಲಿ ಕುಸ್ತಿ ಹಿಡಿಯುತ್ತಾನೆ ಎಂದು ವಿಧಿಯಿದ್ದರೆ, ಎದುರಾಳಿ ಇಲ್ಲದೆಯೂ ಹಿಡಿಯುತ್ತಾನೆ ಎನ್ನಬಹುದೇ? ಎದುರಾಳಿಯೂ ಅದೇ ವಿಧಿಯೊಳಗೆ ಸೇರಿದವನು. ವೈದ್ಯನನ್ನು ಕರೆಯುವುದೂ ಗುಣವಾಗುವುದರ ಜತೆಗೇ ಹೆಣೆದದ್ದು. ಹಾಡು ಉಳಿಯುವುದಿದ್ದರೆ ಯಾರೋ ಹೋಗಿ ಕೂತು ಕೇಳುವುದರ ಮೂಲಕವೇ ಉಳಿಯುತ್ತದೆ.

ಕಲ್ಲು ನಿಂತದ್ದು ನಿಜ, ಅದನ್ನು ಮರಳಿ ತಿರುಗಿಸಿರೆಂದು ನಾನು ಯಾವ ಹೆಣ್ಣುಮಗಳಿಗೂ ಹೇಳೆನು. ಆ ದುಡಿತದ ಭಾರ ಹೊತ್ತವರು ಅವರು. ಆದರೆ ಸೊಸೆಯಾಗಿ ಬಂದ ಹೊಸತರಲ್ಲಿ ಬೀಸಿದ ಅಜ್ಜಿಯರು ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಾಗೇವಾಡಿಯ ಹಳ್ಳಿಗಳಲ್ಲಿ ಇನ್ನೂ ಇದ್ದಾರೆ. ಮದುವೆಯ ಅರಿಶಿಣಕ್ಕೆ, ಕೂಸಿನ ತೊಟ್ಟಿಲಿಗೆ ಇನ್ನೂ ಪದ ಹೇಳುತ್ತಾರೆ. ಆ ನಾಲ್ವರ ಕೈಯಲ್ಲಿದ್ದದ್ದು ಕಾಗದ, ಟಾಕು; ಇಂದು ಮೊಮ್ಮಕ್ಕಳ ಕಿಸೆಯಲ್ಲಿ ದನಿಯನ್ನೇ ಹಿಡಿದಿಡುವ ಮೊಬೈಲ್ ಇದೆ. ಹಾಡುವವರಿದ್ದಾರೆ, ಬರೆದುಕೊಳ್ಳುವ ಸಾಧನವಿದೆ, ಭಾಷೆ ಬಲ್ಲವರಿದ್ದಾರೆ. ಅಸಾಧ್ಯ ಎನ್ನುವವರು ಇವುಗಳಲ್ಲಿ ಯಾವುದು ಇಲ್ಲ ಎಂಬುದನ್ನು ಮೊದಲು ತೋರಿಸಲಿ.