ಹೊಳೆ ದಾಟಿದರೆ ಹುಟ್ಟು ಅಳಿಯುವುದೇ?

ಝಾರ್ಖಂಡದ ಬಿಜು ಟೊಪ್ಪೊ ಅವರು ಉರಾಂವ್ ಜನಾಂಗದವರು. ಮೇಘನಾಥರೊಡಗೂಡಿ ರಾಂಚಿಯ 'ಅಖ್ರಾ' ಸಂಸ್ಥೆಯ ಮೂಲಕ ಸ್ವತಂತ್ರವಾಗಿ ಸಾಕ್ಷ್ಯಚಿತ್ರಗಳನ್ನು ನಿರ್ಮಿಸುತ್ತ ಬಂದಿರುವರು. 2005ರಲ್ಲಿ ಅವರು ಕುಡುಖ್ ಭಾಷೆಯಲ್ಲಿ ತೆಗೆದ 'ಕೋರಾ ರಾಜೀ' ಎಂಬ ಚಿತ್ರದ ಕಡೆಗೆ ವಾಚಕರ ಲಕ್ಷ್ಯವನ್ನು ಸೆಳೆಯಬಯಸುತ್ತೇವೆ. ಅಗೆಯುವವರ ನಾಡು ಎಂದು ಆ ಹೆಸರಿನ ಅರ್ಥ. ಛೋಟಾನಾಗಪುರವನ್ನು ಬಿಟ್ಟು ಚಹದ ತೋಟಗಳನ್ನು ಸೇರಿದವರ ವೃತ್ತಾಂತವದು. ಕುಡುಖ್ ಎಂದೊಡನೆ ಅದಾವುದೋ ಪರಭಾಷೆಯೆಂದು ಕನ್ನಡಿಗರು ಬಗೆಯಬೇಕಾಗಿಲ್ಲ. ಅದೂ ದ್ರಾವಿಡ ಕುಲದ್ದೇ. ನಮ್ಮ ಹಳಗನ್ನಡದ 'ಪಲ್' ಅವರ ಬಾಯಲ್ಲಿ 'ಪಲ್ಲ್' ಆಗಿ ಇಂದಿಗೂ ಬದುಕಿದೆ!

ಇವರು ತೋಟಗಳಿಗೆ ಹೋದದ್ದು ಸ್ವೇಚ್ಛೆಯಿಂದಲೇ ಎಂದು ಹೇಳುವವರುಂಟು. ಕರಾರು ಮುರಿದ ಕೂಲಿಕಾರನನ್ನು ಅಪರಾಧಿಯೆಂದೆಣಿಸುವ ಕಾಯಿದೆಯು 1859ರಲ್ಲಿ ಬಂದಿತು. ಓಡಿಹೋದವನನ್ನು ವಾರಂಟಿಲ್ಲದೆ ಹಿಡಿಯುವ ಅಧಿಕಾರವು 1865ರಲ್ಲಿ ತೋಟದ ದೊರೆಗಳಿಗೇ ದೊರೆಯಿತು. ಹಿಂದಿರುಗುವ ಹಾದಿಯನ್ನು ಕಟ್ಟಿಹಾಕಿದ ಮೇಲೆ ಸ್ವೇಚ್ಛೆಯ ಮಾತೆಲ್ಲಿಯದು? ಕಾಡು ಕಡಿದು, ನೆಲ ಅಗೆದು, ಗಿಡ ನೆಟ್ಟವರು ಅಲ್ಲಿಯೇ ಉಳಿದರು. ಆ ತೋಟಗಳ ಚಹವು ನಮ್ಮ ಮನೆಗಳಿಗೂ ಬರುತ್ತಿದೆ.

ಇನ್ನು ಅವರ ಮಕ್ಕಳ ಗತಿಯನ್ನು ನೋಡಿರಿ. ಉರಾಂವ್, ಮುಂಡಾ, ಸಂತಾಲರು ಝಾರ್ಖಂಡದಲ್ಲಿ ಪರಿಶಿಷ್ಟ ಪಂಗಡದವರು. ಪಶ್ಚಿಮ ಬಂಗಾಲದ ಡುವಾರ್ಸ್ ತೋಟಗಳಲ್ಲಿಯೂ ಹಾಗೆಯೇ. ಸಂಕೋಶ್ ನದಿಯಾಚೆಯ ಅಸ್ಸಾಮದಲ್ಲಾದರೋ, ಅದೇ ಜನ, ಅದೇ ನುಡಿ, ಅದೇ ಕೆಲಸ. ಆದರೆ ಸ್ವಾತಂತ್ರ್ಯಾನಂತರ ದಶಕಗಳು ಕಳೆದರೂ ಆ ಯಾದಿಯಲ್ಲಿ ಅವರಿಗೆ ಸ್ಥಾನವು ದೊರೆಯಲಿಲ್ಲ. ಅಲ್ಲಿ ಅವರನ್ನು ಹಿಂದುಳಿದ ವರ್ಗದಲ್ಲಿ ಸೇರಿಸಲಾಯಿತು. ಇದನ್ನು ಕೇಳಲು 2007ರ ನವೆಂಬರದಲ್ಲಿ ಗುವಾಹಾಟಿಯಲ್ಲಿ ಮೆರವಣಿಗೆ ಹೊರಟವರಿಗೆ ಬೀದಿಯಲ್ಲಿಯೇ ಪೆಟ್ಟು ಬಿದ್ದಿತು. 2019ರ ಜನವರಿಯಲ್ಲಿ ರಾಜ್ಯಸಭೆಯಲ್ಲಿ ಮಸೂದೆಯೊಂದು ಮಂಡಿತವಾಯಿತು; ಅಂಗೀಕಾರವನ್ನು ಮಾತ್ರ ಆಗ ಪಡೆಯಲಿಲ್ಲ. ಅಸ್ಸಾಮದ ಮೂಲ ಗಿರಿಜನರಿಗೆ ತಮ್ಮ ಪಾಲು ಕುಗ್ಗೀತೆಂಬ ಭಯವಿರುವುದು ಸುಳ್ಳಲ್ಲ. ಆ ಭಯಕ್ಕೆ ಪರಿಹಾರವನ್ನು ಹುಡುಕುವುದು ಸರಕಾರದ ಹೊಣೆ. ಅದನ್ನೇ ನೆವಮಾಡಿ ಒಂದು ಜನಾಂಗದ ಹುಟ್ಟನ್ನೇ ಅಲ್ಲಗಳೆಯುವುದು ನ್ಯಾಯವೆಂದು ನಾವು ಒಪ್ಪಲಾರೆವು.

ಟೊಪ್ಪೊ ಮತ್ತು ಮೇಘನಾಥರ ಚಿತ್ರಗಳಿಗೆ ಸರಕಾರವು ರಾಷ್ಟ್ರಪ್ರಶಸ್ತಿಯನ್ನಿತ್ತು ಗೌರವಿಸಿದೆ. ಸಂತೋಷವೇ ಸರಿ. ಆದರೆ ಪದಕವನ್ನು ಕೊಟ್ಟವರು ಚಿತ್ರವನ್ನೂ ನೋಡಬೇಕಷ್ಟೆ! ಪಂಗಡಗಳ ಯಾದಿಯ ಚರ್ಚೆಯು ಪುನಃ ಎದ್ದಾಗ, ಸಂಸತ್ತಿನ ಸದಸ್ಯರಿಗೆ 'ಕೋರಾ ರಾಜೀ'ಯನ್ನು ತೋರಿಸುವ ವ್ಯವಸ್ಥೆಯಾಗಲಿ. ದೂರದರ್ಶನವು ಕನ್ನಡದ ಅಡಿಬರಹದೊಡನೆ ಅದನ್ನು ನಮ್ಮ ಜನರ ಮುಂದಿಡಲಿ.