ಪುಸ್ತಕಕ್ಕೂ ಒಂದು ಮನೆ

ಕಣ ಮಾಡುವ ಒಕ್ಕಲಿಗನು ಮೊದಲು ಗಾಳಿಯ ದಿಕ್ಕನ್ನು ನೋಡುತ್ತಾನೆ. ಗ್ರಂಥಾಲಯ ಕಟ್ಟುವ ನಾವು ಮಾತ್ರ ಬಾಗಿಲ ಮೇಲಿನ ನಾಮಫಲಕವನ್ನು ನೋಡುತ್ತೇವೆ. ಇದೇಕೆ?

ರಜೆಯಲ್ಲಿ ನನ್ನೂರು ಕಬ್ಬೂರಿಗೆ ಹೋದಾಗಲೆಲ್ಲ ಈ ಪ್ರಶ್ನೆ ನನ್ನನ್ನು ಕಾಡುತ್ತದೆ. ಮನೆಯಲ್ಲಿ ಓದಲು ಮೂಲೆಯಿಲ್ಲದ ಹಳ್ಳಿಯ ಮಕ್ಕಳಿಗೆ ವಾಚನಾಲಯವೇ ಗತಿ. ಬಾಲ್ಯದಲ್ಲಿ ಬೇರೊಂದೂರಿನಲ್ಲಿ ನಾನು ಕಂಡ ವಾಚನಾಲಯದ ಕಿಟಕಿಗಳೆಲ್ಲ ಪಡುವಣಕ್ಕಿದ್ದವು. ಸಂಜೆಬಿಸಿಲು ಬಿದ್ದು ಪುಸ್ತಕಗಳ ಬೆನ್ನು ಬಿಳಿಚಿದ್ದವು. ಓದುಗರು ಕಣ್ಣಿಗೆ ಕೈಯಡ್ಡ ಹಿಡಿಯಬೇಕಿತ್ತು.

ಉಪಾಯವೇನೂ ಕಠಿಣವಲ್ಲ. ಉದ್ದನೆಯ ಗೋಡೆಗಳು ಉತ್ತರ-ದಕ್ಷಿಣಕ್ಕೆ ಮುಖ ಮಾಡಿರಲಿ. ಓದುವ ಮೇಜು ಉತ್ತರದ ತಂಪು ಬೆಳಕಿನಲ್ಲಿರಲಿ. ಕಪಾಟುಗಳು ಕಿಟಕಿಗೋಡೆಗೆ ಲಂಬವಾಗಿ ನಿಂತರೆ ನಡುವಿನ ಓಣಿಗಳಿಗೂ ಬೆಳಕು ಬರುತ್ತದೆ. ಮೇಲಿನ ಹಲಗೆಯು ನಿಂತವರ ಕೈಗೆಟುಕಬೇಕು. ಮಳೆನೀರು ಒಳನುಗ್ಗದಂತೆ ನೆಲಗಟ್ಟು ಎತ್ತರವಿರಬೇಕು. ಗೆದ್ದಲಿಗೆ ಮೊದಲೇ ಮದ್ದು ಹಾಕಬೇಕು.

ಡಾ. ಎಸ್. ಆರ್. ರಂಗನಾಥನ್ ಅವರು 1931ರಲ್ಲಿ ಪ್ರಕಟಿಸಿದ ಐದು ಸೂತ್ರಗಳಲ್ಲಿ ಕೊನೆಯದು, ಗ್ರಂಥಾಲಯವು ಬೆಳೆಯುವ ಜೀವಿ ಎಂಬುದು. ಬೆಳೆಯುವ ಕೂಸಿಗೆ ಅಂಗಿಯನ್ನು ಸಡಿಲಾಗಿ ಹೊಲಿಸುವುದಿಲ್ಲವೆ? ಹಾಗೆಯೇ ಕಟ್ಟಡದ ಒಂದು ಮಗ್ಗುಲಲ್ಲಿ ಮುಂದಿನ ಕೋಣೆಗೆ ಜಾಗ ಬಿಡಬೇಕು.

ನಮ್ಮ ರಾಜ್ಯದ 1965ರ ಸಾರ್ವಜನಿಕ ಗ್ರಂಥಾಲಯ ಕಾಯಿದೆಯಂತೆ ಮನೆಯ ತೆರಿಗೆಯೊಡನೆ ಗ್ರಂಥಾಲಯ ಕರವೂ ಸಂದಾಯವಾಗುತ್ತದೆ. ಕರ ಕೊಡುವ ನಮಗೆ ನಕ್ಷೆಯನ್ನು ಕೇಳುವ ಹಕ್ಕೂ ಉಂಟು. ಇಂಜಿನಿಯರರು ಗೆರೆಯೆಳೆಯುವ ಮುನ್ನ ಗ್ರಂಥಪಾಲಕರನ್ನೂ ಇಬ್ಬರು ಓದುಗರನ್ನೂ ವಿಚಾರಿಸಲಿ. ಆ ಇಬ್ಬರಲ್ಲೊಬ್ಬಳು ವಿದ್ಯಾರ್ಥಿನಿಯಾಗಿರಲಿ. ಗೋಡೆಯೆದ್ದ ಮೇಲೆ ತಪ್ಪು ತಿದ್ದಲು ಸಾವಿರಾರು ರೂಪಾಯಿ ಬೇಕು. ಕಾಗದದ ಮೇಲಾದರೆ ಒಂದು ರಬ್ಬರು ಸಾಕು.