ಗುಳೆ ಹೋದವರನ್ನು ಕಣ್ಮರೆಯಾದವರು ಎನ್ನಬೇಡಿ

‘ನಿಗೂಢವಾಗಿ ಕಣ್ಮರೆಯಾದ ಜನಾಂಗ’ ಎಂಬ ಮಾತು ಕಂಡಾಗಲೆಲ್ಲ ನನಗೆ ಸಿಟ್ಟು ಬರುತ್ತದೆ. ಅಮೆರಿಕದ ನೈಋತ್ಯ ಭಾಗದ ಪ್ಯೂಬ್ಲೋ ಜನರ ಚರಿತ್ರೆಯನ್ನು ಪಿಎಚ್‌.ಡಿ.ಗಾಗಿ ಓದುತ್ತಿರುವುದರಿಂದ ಈ ಮಾತು ನನಗೆ ಆಗಾಗ ಎದುರಾಗುತ್ತಲೇ ಇರುತ್ತದೆ. ಕತೆ ಎಲ್ಲ ಕಡೆಯೂ ಒಂದೇ. ಕೊಲೊರಾಡೋದ ಮೆಸಾ ವರ್ಡೆಯಲ್ಲಿ ಬಂಡೆಯ ಪೊಟರೆಯೊಳಗೆ ಸುಮಾರು 150 ಕೋಣೆಗಳ ‘ಕ್ಲಿಫ್ ಪ್ಯಾಲೆಸ್’ ಇದೆ. ನ್ಯೂ ಮೆಕ್ಸಿಕೋದ ಚಾಕೋ ಕಣಿವೆಯಲ್ಲಿ 600ಕ್ಕೂ ಹೆಚ್ಚು ಕೋಣೆಗಳ ‘ಪ್ಯೂಬ್ಲೋ ಬೊನಿಟೊ’ ಇದೆ. ಇವನ್ನು ಕಟ್ಟಿದವರು ‘ಅನಸಾಜಿ’ ಎಂಬ ಜನ. ಒಂದು ದಿನ ಅವರು ಎಲ್ಲವನ್ನೂ ಬಿಟ್ಟು ಮಾಯವಾದರು. ಎಲ್ಲಿ ಹೋದರೋ ಯಾರಿಗೂ ತಿಳಿಯದು!

ತಿಳಿಯದು ಎನ್ನುವುದು ಸುಳ್ಳು. ನ್ಯೂ ಮೆಕ್ಸಿಕೋದಲ್ಲಿ ಇಂದಿಗೂ 19 ಪ್ಯೂಬ್ಲೋಗಳಿವೆ. ಸ್ಪ್ಯಾನಿಷ್‌ನಲ್ಲಿ ಪ್ಯೂಬ್ಲೋ ಎಂದರೆ ಊರು. ಆ ಊರುಗಳ ಹೆಸರೇ ಜನರ ಹೆಸರೂ ಆಯಿತು. ಪಕ್ಕದ ಅರಿಜೋನಾದಲ್ಲಿ ಹೋಪಿ ಜನರಿದ್ದಾರೆ. ಟಾವೋಸ್‌ನ ಮಣ್ಣಿನ ಮಹಡಿಮನೆಗಳಲ್ಲಿ, ಕಡಿದಾದ ಗುಡ್ಡದ ನೆತ್ತಿಯ ಮೇಲಿನ ಆಕೋಮದಲ್ಲಿ ನೂರಾರು ವರ್ಷಗಳಿಂದ ಜನ ವಾಸವಾಗಿದ್ದಾರೆ. ಆ ಬಂಡೆಮನೆಗಳನ್ನು ಕಟ್ಟಿದವರು ನಮ್ಮ ಹಿರಿಯರು ಎಂದು ಇವರು ಹೇಳುತ್ತಲೇ ಬಂದಿದ್ದಾರೆ.

ಹಿರಿಯರು ಊರು ಬಿಟ್ಟದ್ದು ನಿಜ. ಮರದ ತೊಲೆಗಳ ಉಂಗುರಗಳನ್ನು ಎಣಿಸಿದವರು 1276ರಿಂದ 1299ರವರೆಗೆ ಅಲ್ಲಿ ಭೀಕರ ಬರವಿತ್ತು ಎಂದು ತೋರಿಸಿದ್ದಾರೆ. ಬರದ ಜೊತೆಗೆ ಹಿಂಸೆಯೂ ಇತ್ತು, ಒಳಜಗಳಗಳೂ ಇದ್ದವು. ಜನ ರಿಯೋ ಗ್ರಾಂಡೆ ನದಿಯ ಕಡೆಗೆ, ಜೂನಿ ಮತ್ತು ಹೋಪಿ ಸೀಮೆಗಳ ಕಡೆಗೆ ನಡೆದರು. ಬರ ಬಿದ್ದಾಗ ಗಂಟುಮೂಟೆ ಕಟ್ಟಿಕೊಂಡು ಊರು ಬಿಡುವುದಕ್ಕೆ ಕನ್ನಡದಲ್ಲಿ ಒಂದು ಮಾತಿದೆ: ಗುಳೆ. ಹೋದವರಲ್ಲಿ ಮರಳಿ ಬರುವವರಿದ್ದಾರೆ, ಹೋದಲ್ಲೇ ನೆಲೆ ನಿಲ್ಲುವವರೂ ಇದ್ದಾರೆ. ರಾಯಚೂರಿನ ಹಳ್ಳಿಯಲ್ಲಿ ಬೀಗ ಹಾಕಿದ ಮನೆಗಳ ಸಾಲು ಕಂಡರೆ ‘ಇಲ್ಲೊಂದು ಜನಾಂಗ ಮಾಯವಾಗಿದೆ’ ಎಂದು ನಾವು ಬರೆಯುತ್ತೇವೆಯೇ?

ಇನ್ನು ‘ಅನಸಾಜಿ’. ಇದು ಪ್ಯೂಬ್ಲೋ ಜನರ ಮಾತೇ ಅಲ್ಲ, ನೆರೆಯ ನವಾಹೊ ಜನರದು. ‘ಹಳೆಯ ಶತ್ರುಗಳು’ ಎಂದು ಕೆಲವರು, ‘ಬೇರೆಯವರ ಪೂರ್ವಜರು’ ಎಂದು ಕೆಲವರು ಅರ್ಥ ಹೇಳುತ್ತಾರೆ. 1936ರಲ್ಲಿ ಆಲ್ಫ್ರೆಡ್ ಕಿಡ್ಡರ್ ಎಂಬ ಪುರಾತತ್ವಜ್ಞ ಇದನ್ನು ಶಾಸ್ತ್ರದ ಪರಿಭಾಷೆಯಾಗಿಸಿದ. ಹೋಪಿಗಳು ತಮ್ಮ ಹಿರಿಯರನ್ನು ‘ಹಿಸಾತ್ಸಿನೋಮ್’ ಎನ್ನುತ್ತಾರೆ, ಅಂದರೆ ಬಹಳ ಹಿಂದಿನ ಜನ. ಮನೆಯವರು ಇಟ್ಟ ಹೆಸರಿರುವಾಗ ನೆರೆಯವರು ಕರೆದದ್ದನ್ನು ಗ್ರಂಥಕ್ಕೆ ಏರಿಸಿದ್ದು ಯಾವ ನ್ಯಾಯ?

ಒಂದು ಪದಕ್ಕೆ ಇಷ್ಟೇಕೆ ರಂಪ ಎನ್ನುವವರು ಪೇಕೋಸ್‌ನ ಕತೆ ಕೇಳಬೇಕು. ಒಂದು ಕಾಲದ ಆ ದೊಡ್ಡ ಪ್ಯೂಬ್ಲೋದಲ್ಲಿ ಕೊನೆಗೆ ಉಳಿದಿದ್ದ ಬೆರಳೆಣಿಕೆಯ ಜನ 1838ರಲ್ಲಿ ಊರು ಬಿಟ್ಟು, ತಮ್ಮದೇ ಭಾಷೆಯಾಡುವ ಹೇಮೆಸ್ ಪ್ಯೂಬ್ಲೋಗೆ ಹೋಗಿ ಸೇರಿಕೊಂಡರು. 1915ರಲ್ಲಿ ಇದೇ ಕಿಡ್ಡರ್ ಅಲ್ಲಿ ಅಗೆಯಲು ತೊಡಗಿದ. ಅವನು ಕಳಪೆ ವಿದ್ವಾಂಸನಲ್ಲ. ಮಣ್ಣಿನ ಪದರಗಳನ್ನು ಓದುವ ಶಿಸ್ತು ಆ ಸೀಮೆಯ ಪುರಾತತ್ವಕ್ಕೆ ಬರಲು ಅವನ ಕೆಲಸ ಮುಖ್ಯ ಕಾರಣ. ಆದರೆ ಸುಮಾರು 2,000 ಜನರ ಮೂಳೆಗಳು ಗೋರಿಗಳಿಂದ ಎದ್ದು ದೂರದ ಮ್ಯಾಸಚೂಸೆಟ್ಸ್‌ನ ಸಂಗ್ರಹಾಲಯಗಳ ಪೆಟ್ಟಿಗೆ ಸೇರಿದವು. ವಾರಸುದಾರರು ಹೇಮೆಸ್‌ನಲ್ಲೇ ಇದ್ದರು. ‘ಅನಸಾಜಿ’ ಪರಿಭಾಷೆಯಾದ ಅದೇ 1936ರಲ್ಲಿ ಅಮೆರಿಕದ ಕಾಂಗ್ರೆಸ್ ಪೇಕೋಸ್ ಮತ್ತು ಹೇಮೆಸ್ ಒಂದೇ ಎಂದು ಕಾನೂನು ಮಾಡಿತ್ತು. ಆದರೂ ಮೂಳೆಗಳು ಮರಳಲು 1990ರ ಇನ್ನೊಂದು ಕಾನೂನು ಬೇಕಾಯಿತು. 1999ರಲ್ಲಿ ಹೇಮೆಸ್ ಜನ ಪೇಕೋಸ್‌ವರೆಗೆ ನಡೆದು ಹೋಗಿ ತಮ್ಮವರನ್ನು ಮತ್ತೆ ಮಣ್ಣು ಮಾಡಿದರು. ಮೆಸಾ ವರ್ಡೆಯಿಂದ 1891ರಲ್ಲಿ ಗುಸ್ತಾಫ್ ನೋರ್ಡೆನ್‌ಶೋಲ್ಡ್ ಅಗೆದು ಯುರೋಪಿಗೆ ಸಾಗಿಸಿದ್ದರಲ್ಲಿ 20 ಜನರ ಅವಶೇಷಗಳು ಫಿನ್ಲೆಂಡ್‌ನಿಂದ ಹಿಂದಿರುಗಿದ್ದು 2020ರಲ್ಲಿ. ವಾರಸುದಾರರಿಲ್ಲದ ಗೋರಿಯನ್ನು ಅಗೆಯಲು ಯಾರ ಅಪ್ಪಣೆಯೂ ಬೇಡ. ‘ಕಣ್ಮರೆ’ ಎಂಬ ಪದ ಮಾಡಿಕೊಟ್ಟ ಅನುಕೂಲ ಅದು.

ಈ ಪದ ನುಂಗಿಹಾಕುವುದು ಮೂಳೆಗಳನ್ನಷ್ಟೇ ಅಲ್ಲ, 700 ವರ್ಷಗಳ ಚರಿತ್ರೆಯನ್ನೂ. 1680ರ ಆಗಸ್ಟ್‌ನಲ್ಲಿ ಓಹ್ಕೇ ಓವಿಂಗೆಯ ಪೊಪೇ ಮತ್ತು ಅವನ ಸಂಗಾತಿಗಳು ಗಂಟು ಹಾಕಿದ ಹಗ್ಗಗಳನ್ನು ಊರೂರಿಗೆ ಓಟಗಾರರ ಕೈಯಲ್ಲಿ ಕಳಿಸಿದರು. ಉಳಿದ ಗಂಟುಗಳೆಷ್ಟೋ ಬಂಡಾಯಕ್ಕೆ ಅಷ್ಟು ದಿನ ಬಾಕಿ. ಬೇರೆ ಬೇರೆ ಭಾಷೆಗಳ ಊರುಗಳು ಒಟ್ಟಾಗಿ ಎದ್ದು ಸ್ಪ್ಯಾನಿಷರನ್ನು ಹೊರದಬ್ಬಿದವು; 12 ವರ್ಷ ಅವರನ್ನು ಒಳಗೆ ಬಿಡಲಿಲ್ಲ. 1906ರಲ್ಲಿ ಸರ್ಕಾರ ತನ್ನ ಅರಣ್ಯಕ್ಕೆ ಸೇರಿಸಿಕೊಂಡಿದ್ದ ಪವಿತ್ರ ‘ಬ್ಲೂ ಲೇಕ್’ ಸರೋವರವನ್ನು, ಸುತ್ತಲಿನ 48,000 ಎಕರೆಯೊಂದಿಗೆ, ಟಾವೋಸ್ ಜನ 1970ರಲ್ಲಿ ಹೋರಾಡಿ ಹಿಂದಕ್ಕೆ ಪಡೆದರು. ನ್ಯೂ ಮೆಕ್ಸಿಕೋದಲ್ಲಿ ಮೂಲನಿವಾಸಿಗಳಿಗೆ ಮತದ ಹಕ್ಕು ಸಿಕ್ಕಿದ್ದು 1948ರಲ್ಲಿ, ಇಸ್ಲೆಟಾ ಪ್ಯೂಬ್ಲೋದ ಶಿಕ್ಷಕ ಮಿಗೆಲ್ ಟ್ರುಹಿಯೋ ನ್ಯಾಯಾಲಯಕ್ಕೆ ಹೋಗಿ ಗೆದ್ದ ಮೇಲೆ. ಮಾಯವಾದವರು ದಾವೆ ಹೂಡುತ್ತಾರೆಯೇ?

ಹಾಗಾದರೆ ನಿಗೂಢ ಎನ್ನುವುದು ಏನೂ ಇಲ್ಲವೇ? ಚಾಕೋದ ಪ್ರಭಾವ ಎಷ್ಟು ದೂರ ಹಬ್ಬಿತ್ತು, ಅಲ್ಲಿ ಅಧಿಕಾರ ಯಾರ ಕೈಯಲ್ಲಿತ್ತು ಎಂಬ ಚರ್ಚೆಗಳು ಇನ್ನೂ ನಡೆಯುತ್ತಿವೆ. ನಡೆಯಲಿ. ಆದರೆ ನಾವು ರಹಸ್ಯ ಎಂದು ಚಪ್ಪರಿಸುವ ಎಷ್ಟೋ ಸಂಗತಿಗಳು ಅವರು ಬೇಕೆಂದೇ ಹೊರಗಿನವರಿಗೆ ಹೇಳದವು. ನೆಲದಲ್ಲಿ ತೋಡಿ ಕಟ್ಟಿದ ಕೀವ ಎಂಬ ಆಚರಣೆಯ ಕೋಣೆಗಳಿಗೆ ಹೊರಗಿನವರಿಗೆ ಪ್ರವೇಶವಿಲ್ಲ. ಹಲವು ಪ್ಯೂಬ್ಲೋಗಳಲ್ಲಿ ಹಬ್ಬದ ಕುಣಿತದ ಫೋಟೊ ತೆಗೆಯುವಂತಿಲ್ಲ. ಗುಟ್ಟು ಕಾಯ್ದುಕೊಳ್ಳುವುದನ್ನು ಅವರಿಗೆ ಕಲಿಸಿದ್ದರಲ್ಲಿ ಆಚರಣೆಗಳನ್ನೇ ನಿಷೇಧಿಸಿ, ಕೀವಗಳ ಮೇಲೆ ದಾಳಿ ಮಾಡಿದ ಪಾದ್ರಿಗಳ ಪಾಲೂ ಇದೆ. ಎಲ್ಲವನ್ನೂ ತಿಳಿಯುವುದು ತಮ್ಮ ಹಕ್ಕು ಎಂದುಕೊಂಡಿರುವ ನನ್ನಂಥ ಸಂಶೋಧಕರಿಗೆ ಮುಚ್ಚಿದ ಬಾಗಿಲು ಕಂಡರೆ ಕಸಿವಿಸಿ. ಆ ಕಸಿವಿಸಿಗೆ ‘ನಿಗೂಢ’ ಎಂಬ ಬಣ್ಣ ಬಳಿಯುವುದು ಮಾತ್ರ ಬೇಡ.

ಕನ್ನಡದಲ್ಲಿ ಇವರ ಬಗ್ಗೆ ಬರೆಯುವವರಲ್ಲಿ ನನ್ನ ಬೇಡಿಕೆ ಇಷ್ಟೇ: ಅವರು ‘ಹೋದರು’ ಎಂದು ಬರೆಯಿರಿ. ಹೋದರು ಎಂದರೆ ಓದುಗ ‘ಎಲ್ಲಿಗೆ?’ ಎಂದು ಕೇಳುತ್ತಾನೆ, ಉತ್ತರಿಸಲು ಆಕೋಮದಲ್ಲಿ, ಹೇಮೆಸ್‌ನಲ್ಲಿ, ಜೂನಿಯಲ್ಲಿ ಜನ ಇದ್ದಾರೆ. ಕಣ್ಮರೆಯಾದರು ಎಂದರೆ ಅವರನ್ನು ಕೇಳುವ ಗೋಜಿಗೇ ಯಾರೂ ಹೋಗುವುದಿಲ್ಲ.